ಬತ್ತಿದ ಕೊಳವೆ ಬಾವಿ

ನಮ್ಮ ಕುಂದಲಹಳ್ಳಿಯ ಗೃಹಸ್ಥರೊಬ್ಬರು ಕಳೆದ ತಿಂಗಳು ಒಂದು ಪ್ರಶ್ನೆಯನ್ನು ಬರೆದು ಕಳುಹಿಸಿರುವರು. ಪ್ರಶ್ನೆಯು ಚಿಕ್ಕದು, ಆದರೆ ಅದರ ಉತ್ತರವು ಅವರೊಬ್ಬರ ಮನೆಗೆ ಮಾತ್ರ ಸಂಬಂಧಪಟ್ಟುದಲ್ಲವಾದುದರಿಂದ ಈ ಸಲದ ಅಂಕಣವನ್ನು ಅದಕ್ಕೇ ಮೀಸಲಿಡುವುದು ಯುಕ್ತವೆಂದು ನಮಗೆ ತೋರಿದೆ. ಅವರು ಕೇಳಿರುವುದಿಷ್ಟು: "ನಮ್ಮ ಹಿತ್ತಲಿನ ಕೊಳವೆ ಬಾವಿಯು ಬತ್ತಿಹೋಗಿದೆ. ಈಗ ಮನೆಗೆ ಕಾವೇರಿಯ ನಲ್ಲಿ ಬಂದಿದೆ. ಬಚ್ಚಲಿನ ನೀರನ್ನೂ ಮಳೆಯ ನೀರನ್ನೂ ಆ ಹಳೆಯ ಕೊಳವೆಯೊಳಕ್ಕೇ ಬಿಟ್ಟರೆ ಚರಂಡಿಯ ತೊಂದರೆಯೂ ತಪ್ಪುತ್ತದೆ, ನೆಲಕ್ಕೆ ನೀರೂ ಸೇರುತ್ತದೆ ಎಂದು ಪೈಪು ಜೋಡಿಸುವವನು ಹೇಳುತ್ತಾನೆ. ಮೇಷ್ಟ್ರು ಏನನ್ನುತ್ತೀರಿ?"

ನಾವು ಹೇಳುವುದನ್ನು ಮೊದಲೇ ಒಂದು ಮಾತಿನಲ್ಲಿ ಹೇಳಿಬಿಡುವೆವು: ಕೂಡದು. ಏತಕ್ಕೆ ಕೂಡದೆಂಬುದನ್ನೂ, ಹಾಗಾದರೆ ಮಾಡತಕ್ಕದ್ದೇನೆಂಬುದನ್ನೂ ವಿವರಿಸುವುದಕ್ಕಾಗಿ ಉಳಿದ ಪುಟಗಳನ್ನು ಬರೆದಿದ್ದೇವೆ.

1924ರಲ್ಲಿ ಇಂತಹ ಪ್ರಶ್ನೆಯನ್ನು ಕೇಳುವವರಿರಲಿಲ್ಲ. 2024ರ ತರುವಾಯ ಇದು ಬೀದಿಬೀದಿಯ ಪ್ರಶ್ನೆಯಾಗಿದೆ. ಆ ವರ್ಷದ ಬೇಸಗೆಯನ್ನು ಬೆಂಗಳೂರಿನವರು ಮರೆತಿರಲಾರರು. ಆಗ ನಗರದಲ್ಲಿ ಸರ್ಕಾರದ ಲೆಕ್ಕಕ್ಕೆ ಸೇರಿದ ಸುಮಾರು 14,000 ಕೊಳವೆ ಬಾವಿಗಳಲ್ಲಿ 6,900ರಷ್ಟು ಬತ್ತಿಹೋದುವೆಂದು ಮುಖ್ಯಮಂತ್ರಿಗಳೇ ಪ್ರಕಟವಾಗಿ ತಿಳಿಸಿದರು. ಖಾಸಗಿ ಮನೆಗಳ ಬಾವಿಗಳು ಈ ಲೆಕ್ಕದ ಹೊರಗೆ. ನಮ್ಮ ಕುಂದಲಹಳ್ಳಿ, ವೈಟ್‌ಫೀಲ್ಡು, ವರ್ತೂರು, ಮಾರತ್ತಹಳ್ಳಿಗಳ ಸೀಮೆಯಲ್ಲಿ ಟ್ಯಾಂಕರಿನ ದಾರಿ ಕಾಯುತ್ತ ಕೊಡಗಳನ್ನು ಸಾಲಿಟ್ಟ ಗೃಹಿಣಿಯರಿಗೆ ಆ ಲೆಕ್ಕವನ್ನು ಯಾರೂ ಹೇಳಬೇಕಾದುದೇ ಇರಲಿಲ್ಲ. ಅದೇ ವರ್ಷದ ಅಕ್ಟೋಬರ್ 16ರಂದು ಕಾವೇರಿ ಯೋಜನೆಯ ಐದನೆಯ ಹಂತವು ಆರಂಭವಾಗಿ, ದಿನವೊಂದಕ್ಕೆ 775 ದಶಲಕ್ಷ ಲೀಟರು ನೀರನ್ನು ನಗರದ ಹೊರವಲಯದ ಹಳ್ಳಿಗಳಿಗೆ ಒದಗಿಸುವ ಏರ್ಪಾಡಾಯಿತು. ನಲ್ಲಿಯಲ್ಲಿ ಕಾವೇರಿ ಬಂದ ಮನೆಗಳಲ್ಲಿ ಹಿತ್ತಲಿನ ಕೊಳವೆಯ ಕಡೆಗೆ ನೋಡುವವರೇ ಇಲ್ಲದಂತಾಯಿತು. ಹೀಗೆ ಬತ್ತಿದುವು ಕೆಲವು, ಬಿಟ್ಟುವು ಕೆಲವು. ಅಂತೂ ಬಾಯಿ ತೆರೆದುಕೊಂಡು ನಿಂತಿರುವ ಕೊಳವೆಗಳು ನಮ್ಮ ಊರಿನಲ್ಲಿ ಎಣಿಸಲಾರದಷ್ಟಿವೆ.

ನೀರಿಲ್ಲದ ಬಾವಿಗೆ ಏನನ್ನು ಹಾಕಿದರೇನು ಎಂದು ಕೇಳುವುದು ಸಹಜ. ಬಾವಿಯೆಂಬುದು ಪಾತ್ರೆಯಂತೆ, ಅದರೊಳಗೆ ಹಾಕಿದ್ದು ಅದರೊಳಗೇ ಇರುವುದು ಎಂಬ ಭಾವನೆಯಿಂದ ಹುಟ್ಟಿದ ಪ್ರಶ್ನೆಯಿದು. ಬಾವಿಯು ಪಾತ್ರೆಯಲ್ಲ, ದಾರಿ. ಆ ದಾರಿ ಎಲ್ಲಿಗೆ ಹೋಗುವುದೆಂಬುದನ್ನು ತಿಳಿಯಬೇಕಾದರೆ ನಮ್ಮ ಕಾಲ ಕೆಳಗಿನ ನೆಲದ ರಚನೆಯನ್ನು ಸ್ವಲ್ಪ ವಿಚಾರಿಸಬೇಕು.

ಆರನೆಯ ಶತಮಾನದಲ್ಲಿದ್ದ ವರಾಹಮಿಹಿರಾಚಾರ್ಯನು ತನ್ನ ಬೃಹತ್ಸಂಹಿತೆಯಲ್ಲಿ ದಕಾರ್ಗಲವೆಂಬ ಒಂದು ಅಧ್ಯಾಯವನ್ನು ಭೂಗರ್ಭದ ನೀರನ್ನು ಹುಡುಕುವ ವಿದ್ಯೆಗಾಗಿಯೇ ಬರೆದಿದ್ದಾನೆ. ಮನುಷ್ಯನ ಶರೀರದಲ್ಲಿ ನಾಡಿಗಳು ಹೇಗೋ ಹಾಗೆ ಭೂಮಿಯೊಳಗೆ ನೀರಿನ ಶಿರೆಗಳು ಮೇಲೆ ಕೆಳಗೆ ಹರಡಿರುತ್ತವೆಂಬುದು ಅವನ ಕಲ್ಪನೆ. ಗಿಡಮರಗಳ, ಹುತ್ತಗಳ ಗುರುತು ಹಿಡಿದು ಅವನು ಹೇಳುವ ಲಕ್ಷಣಗಳೆಲ್ಲವನ್ನೂ ಇಂದಿನ ಭೂವಿಜ್ಞಾನಿಗಳು ಒಪ್ಪುವರೆಂದು ನಾವು ಹೇಳುವುದಿಲ್ಲ. ಆದರೆ ಶಿರೆಯೆಂಬ ಆ ಒಂದು ಪದವು ನಮ್ಮ ಬೆಂಗಳೂರಿನ ನೆಲಕ್ಕೆ ಬಹಳ ಚೆನ್ನಾಗಿ ಹೊಂದುತ್ತದೆ.

ಲಾಲ್‌ಬಾಗಿನ ಬಂಡೆಯನ್ನು ವಾಚಕರು ನೋಡಿಯೇ ಇರುವರು. ಮುನ್ನೂರು ಕೋಟಿ ವರ್ಷಗಳಷ್ಟು ಹಳೆಯದೆಂದು ವಿಜ್ಞಾನಿಗಳು ಹೇಳುವ ಆ ಜಾತಿಯ ಶಿಲೆಯೇ ನಮ್ಮ ಊರಿನ ಬುಡದಲ್ಲಿಯೂ ಹಾಸಿಕೊಂಡಿದೆ. ಅದರ ಮೇಲೆ ಮೊದಲು ಕೆಂಪು ಮಣ್ಣು. ಅದರ ಕೆಳಗೆ ಬಿಸಿಲುಮಳೆಗಳಿಂದ ಸಡಿಲವಾಗಿ ಅರ್ಧ ಮಣ್ಣು ಅರ್ಧ ಕಲ್ಲಾಗಿರುವ ಪದರ. ಅದಕ್ಕೂ ಕೆಳಗೆ ಗಟ್ಟಿ ಬಂಡೆ. ಸಡಿಲ ಪದರವು ನೆನೆದ ಬಟ್ಟೆಯಂತೆ ನೀರನ್ನು ಹಿಡಿದುಕೊಳ್ಳುತ್ತದೆ. ನಮ್ಮ ಹಿರಿಯರು ತೋಡಿದ ಸೇದುವ ಬಾವಿಗಳ ನೀರು ಈ ಪದರದ ನೀರು. ಗಟ್ಟಿ ಬಂಡೆಯಾದರೋ ನೀರನ್ನು ಹೀರುವುದಿಲ್ಲ. ಅದರಲ್ಲಿ ನೀರಿರುವುದು ಬಿರುಕುಗಳಲ್ಲಿ ಮಾತ್ರ. ಸಾವಿರ ಸಾವಿರದೈನೂರು ಅಡಿಗಳ ಕೊಳವೆ ಬಾವಿಯು ಹುಡುಕಿಕೊಂಡು ಹೋಗುವುದು ಈ ಬಿರುಕುಗಳನ್ನೇ. ಒಂದು ಬಿರುಕು ಇನ್ನೊಂದನ್ನು ಕೂಡುತ್ತದೆ, ಅದು ಮತ್ತೊಂದನ್ನು. ನಮ್ಮ ಹಿತ್ತಲಿನ ಕೆಳಗಿನ ಬಿರುಕು ನೆರೆಯವರ ಹಿತ್ತಲಿನ ಕೆಳಗೂ ಹಾದು, ಬೀದಿಯನ್ನು ದಾಟಿ, ಎಲ್ಲಿಗೆ ಮುಟ್ಟುವುದೋ ಬಲ್ಲವರಿಲ್ಲ. ನಿವೇಶನದ ಎಲ್ಲೆಯನ್ನು ಕಲ್ಲು ನೆಟ್ಟು ಗುರುತಿಸಬಹುದು. ಅದರ ಕೆಳಗಿನ ನೀರಿಗೆ ಎಲ್ಲೆಯಿಲ್ಲ.

ಈಗ ಮಣ್ಣಿನ ಇನ್ನೊಂದು ಗುಣವನ್ನು ನೋಡೋಣ. ಮಳೆಯ ನೀರು ನೆಲದ ಮೇಲಿನ ಕಶ್ಮಲವನ್ನು ತೊಳೆದುಕೊಂಡು ಕೆಳಗಿಳಿಯುವಾಗ ಮಣ್ಣು ಅದನ್ನು ಸೋಸುತ್ತದೆ. ರೋಗಾಣುಗಳು ಮಣ್ಣಿನ ಕಣಗಳಿಗೆ ಅಂಟಿಕೊಂಡು, ದಿನಗಳು ಕಳೆದಂತೆ ಸಾಯುತ್ತವೆ. ಅನೇಕ ಕೊಳೆಗಳನ್ನು ಮಣ್ಣಿನ ಸೂಕ್ಷ್ಮಜೀವಿಗಳು ಜೀರ್ಣಿಸಿಕೊಳ್ಳುತ್ತವೆ. ಗೃಹಿಣಿಯು ಕಷಾಯವನ್ನು ಶೋಧಿಸುವಂತೆ ಭೂಮಿಯು ಪದರಪದರವಾಗಿ, ಅವಸರವಿಲ್ಲದೆ, ನೀರನ್ನು ಶೋಧಿಸಿ ಕೆಳಗಿಳಿಸುವಳು. ಕೊಳವೆ ಬಾವಿಯಾದರೋ ಈ ಶೋಧಕವನ್ನು ಭೇದಿಸಿಕೊಂಡು ನೆಟ್ಟಗೆ ಇಳಿದಿರುವ ಆರಂಗುಲದ ತೂತು. ಕೇಸಿಂಗ್ ಪೈಪು ಇರುವುದು ಮೇಲಿನ ಸಡಿಲ ಮಣ್ಣಿನ ಭಾಗದಲ್ಲಿ ಮಾತ್ರ. ಬಂಡೆ ಸಿಕ್ಕಿದ ಮೇಲೆ ಬರಿಯ ಕಲ್ಲೇ ಗೋಡೆ. ಈ ದಾರಿಯಲ್ಲಿ ಬಚ್ಚಲ ನೀರನ್ನು ಬಿಟ್ಟರೆ ಅದು ಮಣ್ಣಿನ ಮುಖವನ್ನೇ ಕಾಣದೆ ಬಂಡೆಯ ಬಿರುಕನ್ನು ಹೊಕ್ಕು, ಮುಂದಿನ ಮನೆಯ ಪಂಪು ಯಾವ ಕಡೆಗೆ ಎಳೆಯುವುದೋ ಆ ಕಡೆಗೆ ಹೊರಡುತ್ತದೆ. ನಮ್ಮ ಬಾವಿಯು ಬತ್ತಿರಬಹುದು; ಅದೇ ಬಿರುಕಿನ ಇನ್ನೊಂದು ತುದಿಯಲ್ಲಿ ಇನ್ನೂ ನೀರು ಕುಡಿಯುತ್ತಿರುವವರು ಇರಬಹುದು.

ಬಾವಿಯ ಪಕ್ಕದ ಕೊಳಕು ಎಂತಹ ಅನರ್ಥವನ್ನು ಮಾಡಬಲ್ಲುದೆಂಬುದಕ್ಕೆ ಲಂಡನ್ ಪಟ್ಟಣದ ಇತಿಹಾಸವೇ ಸಾಕ್ಷಿ. 1854ರಲ್ಲಿ ಆ ಪಟ್ಟಣದ ಬ್ರಾಡ್ ಸ್ಟ್ರೀಟೆಂಬ ಬೀದಿಯ ಸುತ್ತಮುತ್ತ ಕಾಲರಾ ಜಾಡ್ಯವು ಹಬ್ಬಿ ಕೆಲವೇ ದಿನಗಳಲ್ಲಿ ನೂರಾರು ಮಂದಿ ಸತ್ತರು. ಕೆಟ್ಟ ಗಾಳಿಯಿಂದ ರೋಗವು ಬರುವುದೆಂದು ಆಗಿನ ಪಂಡಿತರ ಮತ. ಜಾನ್ ಸ್ನೋ ಎಂಬ ವೈದ್ಯನು ಸತ್ತವರ ಮನೆಗಳನ್ನು ಒಂದೊಂದಾಗಿ ಗುರುತಿಸಿ, ಅವರಲ್ಲಿ ಬಹುಮಂದಿ ಒಂದೇ ಬಾವಿಯ ನೀರನ್ನು ಕುಡಿದವರೆಂದು ತೋರಿಸಿದನು. ಸೆಪ್ಟೆಂಬರ್ 8ರಂದು ಆ ಬಾವಿಯ ಪಂಪಿನ ಹಿಡಿಯನ್ನೇ ಕಳಚಿಹಾಕಿಸಲಾಯಿತು. ಆಮೇಲೆ ಅಗೆದು ನೋಡಿದಾಗ ಬಾವಿಗೆ ಮೂರಡಿಗಿಂತಲೂ ಕಡಿಮೆ ದೂರದಲ್ಲಿ ಒಂದು ಮನೆಯ ಮಲದ ಗುಂಡಿಯಿದ್ದು, ಅದರ ಇಟ್ಟಿಗೆಯ ಕಟ್ಟಡವು ಶಿಥಿಲವಾಗಿ, ಕೊಳಕು ಬಾವಿಯ ಕಡೆಗೆ ಜಿನುಗುತ್ತಿದ್ದುದು ಕಂಡುಬಂದಿತು. ಆ ಮನೆಯವರಿಗೆ ಯಾರನ್ನೂ ಕೊಲ್ಲುವ ಉದ್ದೇಶವಿರಲಿಲ್ಲ. ತಮ್ಮ ಗುಂಡಿಯು ತಮ್ಮದೆಂದು ಅವರು ತಿಳಿದಿದ್ದರು, ಅಷ್ಟೆ.

ಕುಡಿಯುವ ನೀರನ್ನು ಕಾಯಿಸುತ್ತೇವಲ್ಲ, ಇನ್ನೇನು ಭಯವೆಂದು ಗೃಹಿಣಿಯರು ಕೇಳಬಹುದು. ಕಾಯಿಸುವುದರಿಂದ ಕಾಲರಾ ಮೊದಲಾದ ರೋಗಾಣುಗಳು ಸಾಯುವುದು ನಿಜ. ಆ ಪದ್ಧತಿಯನ್ನು ಎಂದಿಗೂ ಬಿಡಬಾರದು. ಆದರೆ ಕಾಯಿಸಿದರೆ ಹೋಗದ ದೋಷಗಳೂ ಉಂಟು. ಮಲಮೂತ್ರಗಳು ನೆಲದೊಳಗೆ ಕೊಳೆತಾಗ ನೈಟ್ರೇಟೆಂಬ ಲವಣವು ಹುಟ್ಟುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ನಾಲಗೆಗೆ ಅದು ತಿಳಿಯುವುದಿಲ್ಲ. ನೀರನ್ನು ಕಾಯಿಸಿದಷ್ಟೂ ನೀರು ಇಂಗಿ ಲವಣವು ಉಳಿಯುವುದರಿಂದ ಅದರ ಪ್ರಮಾಣವು ಸ್ವಲ್ಪ ಹೆಚ್ಚುವುದೇ ಹೊರತು ಕಡಿಮೆಯಾಗದು. ನಮ್ಮ ದೇಶದ ಮಾನಕದಂತೆ ಕುಡಿಯುವ ನೀರಿನಲ್ಲಿ ಲೀಟರಿಗೆ 45 ಮಿಲಿಗ್ರಾಮಿಗಿಂತ ಹೆಚ್ಚಾಗಿ ನೈಟ್ರೇಟು ಇರಕೂಡದು. 1945ರಲ್ಲಿ ಅಮೆರಿಕದ ಅಯೋವಾ ಪ್ರಾಂತದ ಕಾಮ್ಲಿ ಎಂಬ ವೈದ್ಯರು, ಮೈ ನೀಲಿಗಟ್ಟಿ ಉಸಿರಿಗೆ ಒದ್ದಾಡುತ್ತಿದ್ದ ಹಸುಗೂಸುಗಳ ವ್ಯಾಧಿಗೆ ಕಾರಣವನ್ನು ಹುಡುಕುತ್ತ ಹೋಗಿ, ಆ ಕೂಸುಗಳ ಹಾಲಿಗೆ ಬೆರೆಸುತ್ತಿದ್ದ ಹಳ್ಳಿಯ ಬಾವಿಯ ನೀರಿನಲ್ಲಿ ಈ ನೈಟ್ರೇಟು ವಿಪರೀತವಾಗಿರುವುದನ್ನು ಕಂಡುಕೊಂಡರು. ದೊಡ್ಡವರು ತಡೆದುಕೊಳ್ಳುವ ನೀರು ಆರು ತಿಂಗಳೊಳಗಿನ ಶಿಶುವಿನ ರಕ್ತವನ್ನು ಕೆಡಿಸಿ, ಪ್ರಾಣವಾಯುವನ್ನು ಹೊರುವ ಶಕ್ತಿಯನ್ನೇ ಅದರಿಂದ ಕಸಿದುಕೊಳ್ಳುತ್ತದೆ. ಬಾಟಲಿಯ ಹಾಲು ಕುಡಿಯುವ ಮಗುವಿರುವ ಮನೆಯವರು ಈ ವಿಷಯವನ್ನು ಚೆನ್ನಾಗಿ ಮನಸ್ಸಿಗೆ ತಂದುಕೊಳ್ಳಬೇಕು.

ಇದು ದೂರದ ಊರಿನ ಮಾತೆಂದು ಭಾವಿಸಬೇಡಿರಿ. ನಮ್ಮದೇ ಬಡಾವಣೆಯ ಒಂದು ಬೀದಿಯಲ್ಲಿ ಕೆಲವು ವರ್ಷಗಳ ಹಿಂದೆ ನಡೆದುದನ್ನು ಹೇಳುವೆವು. ಒಂದು ಮನೆಯವರು ತಮ್ಮ ಬತ್ತಿದ ಕೊಳವೆಗೆ ಶೌಚದ ಗುಂಡಿಯ ಉಕ್ಕುನೀರನ್ನು ಸೇರಿಸಿದರು. ಮಳೆಗಾಲವೊಂದು ಕಳೆಯಿತು. ಮೂರನೆಯ ಮನೆಯ ಮುತ್ತೈದೆಯೊಬ್ಬರು, ಬಾವಿಯ ನೀರಿನಲ್ಲಿ ಬೇಯಿಸಿದ ಬೇಳೆಗೆ ಒಂದು ಬಗೆಯ ಮುಗ್ಗಲು ವಾಸನೆ ಬರುತ್ತಿದೆಯೆಂದು ಹೇಳತೊಡಗಿದರು. ಮನೆಯವರು ಮೊದಲು ಬೇಳೆಯನ್ನು ದೂರಿದರು, ಬಳಿಕ ಪಾತ್ರೆಯನ್ನು, ಕಡೆಗೆ ನೀರನ್ನು ಪರೀಕ್ಷೆಗೆ ಕೊಟ್ಟರು. ನೈಟ್ರೇಟು ಮಿತಿಯನ್ನು ಮೀರಿತ್ತು; ಮಲದ ಅಣುಜೀವಿಗಳೂ ಕಂಡುಬಂದುವು. ಆಗ ಬೀದಿಯಲ್ಲಿ ವ್ಯಾಜ್ಯವೆದ್ದಿತು. ಕೊಳವೆಯ ಯಜಮಾನರು, "ನನ್ನ ಮನೆಯಿಂದಲೇ ಹೋಯಿತೆಂಬುದಕ್ಕೆ ಸಾಕ್ಷಿಯೇನು? ರಾಜಕಾಲುವೆಯಿಂದ ಬಂದಿರಬಾರದೇಕೆ?" ಎಂದು ಕೇಳಿದರು. ಆ ಪ್ರಶ್ನೆಗೆ ಅಲ್ಲಿದ್ದ ಹಿರಿಯರಲ್ಲಿ ಒಬ್ಬರೂ ಉತ್ತರ ಕೊಡಲಾರದೆ ಹೋದರು. ಅದೇ ಈ ಕೇಡಿನ ಸ್ವರೂಪ. ನೆಲದ ಮೇಲೆ ಒಬ್ಬನು ಕಸವನ್ನೆಸೆದರೆ ನೋಡಿದವರು ನಾಲ್ವರು ಸಿಕ್ಕುವರು, ನೆಲದೊಳಗೆ ಸಾಕ್ಷಿಯಿಲ್ಲ. ಮುಂದೆ ಕೊಳವೆಯ ಜೋಡಣೆಯನ್ನು ಬಿಡಿಸಿದರು. ಮೂರನೆಯ ಮನೆಯವರು ಬಾವಿಯನ್ನು ಬಿಟ್ಟು ನೀರು ಕೊಳ್ಳುತ್ತಿದ್ದಾರೆ. ಎರಡು ಮನೆಗಳಿಗೂ ಹಿಂದೆ ಇದ್ದ ಅರಿಸಿನಕುಂಕುಮದ ಬಳಕೆ ನಿಂತುಹೋಗಿದೆ. ಬಾವಿಯಾದರೂ ಮುಂದೊಮ್ಮೆ ತಿಳಿಯಾದೀತು.

ಮನೆಯ ಕೊಳಕಿನ ಗತಿ ಹೀಗಾದರೆ ಕಾರ್ಖಾನೆಯ ಕೊಳಕಿನ ಗತಿಯನ್ನು ಕೇಳಬೇಕಾದುದಿಲ್ಲ. ನಗರದ ಇನ್ನೊಂದು ದಿಕ್ಕಿನಲ್ಲಿರುವ ಪೀಣ್ಯದಲ್ಲಿ ಲೋಹಗಳಿಗೆ ಹೊಳಪಿನ ಲೇಪವನ್ನು ಕೊಡುವ ಸಣ್ಣ ದೊಡ್ಡ ಕಾರ್ಖಾನೆಗಳು ಬಹಳವಿವೆ. ಆ ಕೆಲಸದಲ್ಲಿ ಉಪಯೋಗಿಸುವ ಕ್ರೋಮಿಯಮೆಂಬ ಧಾತುವಿನ ವಿಷರೂಪವು ಅಲ್ಲಿಯ ಅಂತರ್ಜಲದಲ್ಲಿ ಸೇರಿರುವುದು ಪರೀಕ್ಷೆಗಳಿಂದ ಸ್ಪಷ್ಟವಾಗಿದೆ. ಲೀಟರಿನಲ್ಲಿ 0.05 ಮಿಲಿಗ್ರಾಮಿಗಿಂತ ಹೆಚ್ಚಾಗಿ ಇರಕೂಡದ ವಸ್ತುವದು. ಒಮ್ಮೆ ಸೇರಿದರೆ ತೆಗೆಯುವುದೆಷ್ಟು ಕಷ್ಟವೆಂಬುದನ್ನು ಅಮೆರಿಕದ ಕ್ಯಾಲಿಫೋರ್ನಿಯಾ ಪ್ರಾಂತದ ಹಿಂಕ್ಲಿ ಎಂಬ ಪುಟ್ಟ ಊರಿನ ಕಥೆಯಿಂದ ತಿಳಿಯಬಹುದು. ಅಲ್ಲಿ ಅನಿಲದ ಕೊಳವೆಯನ್ನು ನಡೆಸುತ್ತಿದ್ದ ಕಂಪೆನಿಯೊಂದು 1952ರಿಂದ 1966ರ ವರೆಗೆ ಕ್ರೋಮಿಯಂ ಬೆರೆತ ನೀರನ್ನು ತಳಕ್ಕೆ ಹಾಸಿಲ್ಲದ ಹೊಂಡಗಳಿಗೆ ಬಿಟ್ಟಿತು. 1996ರಲ್ಲಿ ಊರಿನವರಿಗೆ 33 ಕೋಟಿ 30 ಲಕ್ಷ ಡಾಲರುಗಳ ಪರಿಹಾರವನ್ನು ತೆರಬೇಕಾಯಿತು. ಹದಿನಾಲ್ಕು ವರ್ಷ ಬಿಟ್ಟ ಕೊಳಕನ್ನು ನೆಲದಿಂದ ತೆಗೆಯುವ ಕೆಲಸವು ಅರ್ಧ ಶತಮಾನವು ಕಳೆದರೂ ಮುಗಿದಿಲ್ಲ. ಹೊಳೆಯಾದರೆ ಒಂದು ದೊಡ್ಡ ಮಳೆಗೆ ತೊಳೆದುಹೋಗುತ್ತದೆ. ಬೆಳ್ಳಂದೂರು ಕೆರೆಯು 2015ರಿಂದೀಚೆಗೆ ನೊರೆಯುಕ್ಕಿಸಿ ಉರಿದಾಗ ಲೋಕವೆಲ್ಲ ನೋಡಿತು, ಹೂಳೆತ್ತುವುದಕ್ಕೆ ಆಜ್ಞೆಗಳಾದುವು. ಅಂತರ್ಜಲವು ಕೆಟ್ಟರೆ ನೊರೆಯಿಲ್ಲ, ಹೊಗೆಯಿಲ್ಲ. ಹೂಳೆತ್ತುವುದಕ್ಕೆ ಅಲ್ಲಿ ಇಳಿಯುವವರಾರು?

ಇನ್ನು ಉಪ್ಪಿನ ವಿಷಯ. ನಮ್ಮ ಕರಾವಳಿಯ ವಾಚಕರು ಇದನ್ನು ನಮಗಿಂತ ಚೆನ್ನಾಗಿ ಬಲ್ಲರು. ಕಡಲ ತಡಿಯ ನೆಲದಲ್ಲಿ ಸಿಹಿನೀರು ಉಪ್ಪುನೀರಿನ ಮೇಲೆ ತೇಲಿಕೊಂಡಿರುತ್ತದೆ. ಸಮುದ್ರದ ಮಟ್ಟಕ್ಕಿಂತ ಸಿಹಿನೀರು ಒಂದು ಅಡಿ ಮೇಲಿದ್ದರೆ ಅದರ ಕೆಳಗೆ ಸುಮಾರು ನಲವತ್ತು ಅಡಿಗಳಷ್ಟು ಸಿಹಿನೀರಿನ ದಪ್ಪವಿರುವುದೆಂದು ವಿಜ್ಞಾನಿಗಳು ಲೆಕ್ಕ ಹಾಕಿದ್ದಾರೆ. ಪಂಪು ಹಾಕಿ ಆ ಒಂದು ಅಡಿಯನ್ನು ಎಳೆದುಬಿಟ್ಟರೆ ಕೆಳಗಿನ ಉಪ್ಪು ನಲವತ್ತು ಅಡಿ ಏರುವುದಕ್ಕೆ ಹವಣಿಸುತ್ತದೆ. ಆದಕಾರಣವೇ ದಕ್ಷಿಣ ಕನ್ನಡ, ಉಡುಪಿ ಜಿಲ್ಲೆಗಳಲ್ಲಿ ಮಳೆಗಾಲವು ಮುಗಿದೊಡನೆ ತೊರೆಗಳ ಕಿಂಡಿ ಅಣೆಕಟ್ಟುಗಳಿಗೆ ಹಲಗೆಗಳನ್ನು ಇಳಿಸಿ, ಭರತದ ಉಪ್ಪುನೀರು ಮೇಲಕ್ಕೆ ಬರದಂತೆಯೂ ಸಿಹಿನೀರು ನಿಂತು ಬಾವಿಗಳಿಗೆ ಒಸರುವಂತೆಯೂ ಮಾಡುವರು. ಹಲಗೆ ಹಾಕುವುದು ಒಂದು ತಿಂಗಳು ತಡವಾದರೆ ಊರಿನ ಬಾವಿಗಳೇ ಅದನ್ನು ಹೇಳುತ್ತವೆ.

ಸಮುದ್ರಮಟ್ಟದಿಂದ ಮೂರು ಸಾವಿರ ಅಡಿ ಎತ್ತರದಲ್ಲಿರುವ ಕುಂದಲಹಳ್ಳಿಗೆ ಕಡಲು ಬಾರದು. ಆದರೆ ಉಪ್ಪು ಬರುತ್ತಿದೆ. ಲಾರಿಗಳಲ್ಲಿ, ಚೀಲಚೀಲವಾಗಿ, ನಾವೇ ಹಣ ಕೊಟ್ಟು ತರಿಸುತ್ತಿದ್ದೇವೆ. ಕೊಳವೆ ಬಾವಿಯ ನೀರು ಗಡುಸು. ಸಾಬೂನು ನೊರೆ ಬಾರದು, ನಲ್ಲಿಗಳಿಗೆ ಬಿಳಿಯ ಕರೆ ಕಟ್ಟುತ್ತದೆ. ಅದನ್ನು ಮೆದುಮಾಡುವ ಯಂತ್ರವನ್ನು ದೊಡ್ಡ ವಸತಿ ಸಮುಚ್ಚಯಗಳಲ್ಲಿ ಇಟ್ಟುಕೊಂಡಿರುವರು. ಆ ಯಂತ್ರವನ್ನು ಆಗಾಗ್ಗೆ ತೊಳೆಯುವುದಕ್ಕೆ ಬೇಕಾದುದು ಅಡುಗೆಯ ಉಪ್ಪೇ. ತೊಳೆದ ಉಪ್ಪುನೀರು ಎಲ್ಲಿಗೆ ಹೋಗುತ್ತದೆ? ಚರಂಡಿಗೆ, ಚರಂಡಿಯಿಂದ ಶುದ್ಧೀಕರಣದ ಘಟಕಕ್ಕೆ, ಅಲ್ಲಿಂದ ತೋಟಕ್ಕೆ ಅಥವಾ ಕೆರೆಗೆ. ಸಾಧಾರಣ ಶುದ್ಧೀಕರಣದಿಂದ ಕೊಳೆಯು ಹೋಗುತ್ತದೆ, ಉಪ್ಪು ಹೋಗುವುದಿಲ್ಲ. ಕುಡಿಯುವ ನೀರಿನ ಆರ್.ಓ. ಯಂತ್ರವು ಹೊರಗೆ ತಳ್ಳುವ ನೀರಿನ ಕಥೆಯೂ ಇದೇ: ಬಾವಿಯ ಲವಣವೆಲ್ಲ ಅದರಲ್ಲಿ ಮಂದಗಟ್ಟಿರುತ್ತದೆ. ಮೇಲೆತ್ತಿದ ನೀರನ್ನು ಸಿಹಿಯಾಗಿ ಕುಡಿದು ಅದರ ಕಹಿಯನ್ನು ಬತ್ತಿದ ಕೊಳವೆಯ ಮೂಲಕ ನೆಲಕ್ಕೆ ಹಿಂದಿರುಗಿಸಿದರೆ, ಕಡಲಿಲ್ಲದ ಊರಿನಲ್ಲಿ ಕಡಲನ್ನು ನಾವೇ ಹೂಳಿದಂತಾಗುವುದಿಲ್ಲವೆ?

ಕಾವೇರಿಯು ಬಂದಳಲ್ಲ, ಇನ್ನು ಅಂತರ್ಜಲದ ಚಿಂತೆಯೇತಕ್ಕೆಂಬ ಆಕ್ಷೇಪವೊಂದಿದೆ. ಕಾವೇರಿಯು ತಾನಾಗಿ ಬಂದವಳಲ್ಲ. ತೊರೆಕಾಡನಹಳ್ಳಿಯಿಂದ ನೂರು ಕಿಲೋಮೀಟರು ದೂರವನ್ನೂ ಸುಮಾರು ಐನೂರು ಮೀಟರು ಎತ್ತರವನ್ನೂ ಪಂಪುಗಳ ಬಲದಿಂದ ಏರಿಸಿ ಅವಳನ್ನು ಕರೆತಂದಿದ್ದೇವೆ. ಹೊಳೆಯಲ್ಲಿ ನೀರು ತಗ್ಗಿದ ವರ್ಷ, ವಿದ್ಯುಚ್ಛಕ್ತಿಯು ನಿಂತ ದಿನ, ಕೊಳವೆಯೊಡೆದ ವಾರ, ನಮಗೆ ಗತಿಯಾವುದು? ಹಳ್ಳಿಯ ಸಂಸಾರಸ್ಥರು ಕಣಜವು ತುಂಬಿದ್ದರೂ ಹಗೇವಿನ ಧಾನ್ಯವನ್ನು ಮುಟ್ಟದೆ ಕಾಪಾಡುತ್ತಿದ್ದರು; ಕ್ಷಾಮವು ಬಂದಾಗ ಅದೇ ಪ್ರಾಣವನ್ನುಳಿಸುತ್ತಿತ್ತು. ಅಂತರ್ಜಲವು ನಮ್ಮ ಹಗೇವು. ಈ ಜಿಲ್ಲೆಯಲ್ಲಿ ವರ್ಷಕ್ಕೆ ನೆಲಕ್ಕಿಳಿಯುವುದಕ್ಕಿಂತ ಹೆಚ್ಚು ನೀರನ್ನು ಎತ್ತುತ್ತಿದ್ದೇವೆಂದು ಕೇಂದ್ರ ಅಂತರ್ಜಲ ಮಂಡಲಿಯವರು ಬಹುಕಾಲದಿಂದ ಹೇಳುತ್ತಿದ್ದಾರೆ. ಹಗೇವಿನಿಂದ ಮಿತಿಮೀರಿ ತೆಗೆದುದು ಒಂದು ತಪ್ಪು. ಅದು ಮಳೆಬೆಳೆಗಳಿಂದ ಮತ್ತೆ ತುಂಬೀತು. ಖಾಲಿಯಾಯಿತೆಂದು ಅದರೊಳಗೆ ವಿಷವನ್ನು ಸುರಿದರೆ ಮುಂದೆ ಬೆಳೆದ ಧಾನ್ಯವನ್ನಿಡುವುದಕ್ಕೂ ಎಡೆಯಿರದು. ಅಲ್ಲದೆ ನಮ್ಮ ಭಾಗದಲ್ಲಿ ಇಂದಿಗೂ ಕೊಳವೆ ಬಾವಿಯನ್ನೋ ಟ್ಯಾಂಕರನ್ನೋ ನಂಬಿರುವ ಮನೆಗಳು ಅನೇಕವಿವೆ. ಟ್ಯಾಂಕರಿನ ನೀರೂ ಯಾವುದೋ ಊರಿನ ನೆಲದ ನೀರೇ.

ರಾಜಶಾಸನವೂ ಈ ವಿಷಯದಲ್ಲಿ ಸುಮ್ಮನಿಲ್ಲ. 1974ರ ಜಲಮಾಲಿನ್ಯ ನಿವಾರಣೆಯ ಕಾಯಿದೆಯು ಹೊಳೆಗೆ ಮಾತ್ರವಲ್ಲದೆ ಬಾವಿಗೂ ವಿಷಪದಾರ್ಥವನ್ನಾಗಲಿ ಕೊಳಕನ್ನಾಗಲಿ ಬುದ್ಧಿಪೂರ್ವಕವಾಗಿ ಬಿಡುವುದನ್ನು ನಿಷೇಧಿಸಿದೆ. 2010ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಬಿಟ್ಟುಹೋದ ಕೊಳವೆ ಬಾವಿಗಳನ್ನು ತಳದಿಂದ ನೆಲದ ಮಟ್ಟದ ವರೆಗೆ ಜೇಡಿಮಣ್ಣು, ಮರಳು, ಕಲ್ಲು ಮುಂತಾದುವುಗಳಿಂದ ತುಂಬಿಬಿಡಬೇಕೆಂದು ವಿಧಿಸಿತು. ಆ ವಿಧಿಗೆ ಕಾರಣವಾದುದು ನೀರಿನ ಶುದ್ಧಿಯಲ್ಲ. ತೆರೆದ ಕೊಳವೆಗಳಿಗೆ ಬಿದ್ದು ಸಾಯುತ್ತಿದ್ದ ಮಕ್ಕಳ ಮರಣ. 2014ರಲ್ಲಿ ಬಾಗಲಕೋಟೆ ಜಿಲ್ಲೆಯ ಸೂಳಿಕೇರಿಯಲ್ಲಿ ಹೀಗೆ ಬಿದ್ದ ಬಾಲಕನು ಬದುಕಲಿಲ್ಲ. 2024ರ ಏಪ್ರಿಲಿನಲ್ಲಿ ವಿಜಯಪುರ ಜಿಲ್ಲೆಯ ಲಚ್ಯಾಣದಲ್ಲಿ ಬಿದ್ದ ಎರಡು ವರ್ಷವೂ ತುಂಬದ ಕೂಸನ್ನು ಸುಮಾರು ಇಪ್ಪತ್ತು ಗಂಟೆಗಳ ಕಾಲ ಪಕ್ಕದಲ್ಲಿ ನೆಲವನ್ನಗೆದು ಜೀವಂತವಾಗಿ ಎತ್ತಿದಾಗ ನಾಡೆಲ್ಲ ನಿಟ್ಟುಸಿರು ಬಿಟ್ಟಿತು. ಮಗುವೊಂದು ಬೀಳಬಹುದಾದ ಬಾಯಿಯೇ ಕೊಳಕೂ ಬೀಳುವ ಬಾಯಿ. ಒಂದನ್ನು ಮುಚ್ಚಿದರೆ ಎರಡು ಅನರ್ಥಗಳೂ ತಪ್ಪುವುವು.

ಹಾಗಾದರೆ ಮಾಡತಕ್ಕದ್ದೇನು? ಮೊದಲನೆಯದಾಗಿ, ಬತ್ತಿದ ಕೊಳವೆಯ ಬಾಯಿಗೆ ಕಬ್ಬಿಣದ ಮುಚ್ಚಳವನ್ನು ಬೆಸುಗೆ ಹಾಕಿಸುವುದಾಗಲಿ ತಿರುಪಿನಿಂದ ಬಿಗಿಸುವುದಾಗಲಿ ಅಂದೇ ಆಗಬೇಕು. ಅದರ ಸುತ್ತ ಸಿಮೆಂಟಿನ ಕಟ್ಟೆಯನ್ನು ಎತ್ತರಿಸಿ, ಅಂಗಳ ತೊಳೆದ ನೀರು ಕೇಸಿಂಗಿನ ಪಕ್ಕದಿಂದ ಒಳಕ್ಕಿಳಿಯದಂತೆ ನೋಡಿಕೊಳ್ಳಬೇಕು. ಎಂದೆಂದಿಗೂ ಬೇಡವೆಂದು ನಿಶ್ಚಯವಾದ ಬಾವಿಯನ್ನು ಮೇಲೆ ಹೇಳಿದಂತೆ ತಳದಿಂದ ತುಂಬಿಸಬೇಕು. ಬಾಯಿಗೆ ಒಂದು ಚಪ್ಪಡಿಯನ್ನೆಳೆದು ಮರೆತುಬಿಡುವುದು ಸಾಲದು. ಕಟ್ಟಡ ಮುರಿದ ಸುಣ್ಣ, ಬಣ್ಣದ ಡಬ್ಬಿ, ಕಸಗಳನ್ನು ತುಂಬುವುದು ತುಂಬಿದಂತಲ್ಲ.

ಎರಡನೆಯದು ಮಳೆಯ ನೀರು. ನಮ್ಮ ವಾಚಕರ ಪ್ರಶ್ನೆಯಲ್ಲಿ ಮೆಚ್ಚತಕ್ಕ ಭಾಗವೂ ಇದೇ. ನೆಲಕ್ಕೆ ನೀರನ್ನು ಹಿಂದಿರುಗಿಸಬೇಕೆಂಬ ಬುದ್ಧಿ ಬಹಳ ಒಳ್ಳೆಯದು. ಬೆಂಗಳೂರಿನಲ್ಲಿ ವರ್ಷಕ್ಕೆ ಸರಾಸರಿ 970 ಮಿಲಿಮೀಟರಿನಷ್ಟು ಮಳೆ ಬೀಳುತ್ತದೆ. 100 ಚದರ ಮೀಟರಿನ ಮಾಳಿಗೆಯೊಂದರ ಮೇಲೆ ಬೀಳುವುದು 97,000 ಲೀಟರು. ಆವಿಯಾದುದನ್ನೂ ಸೋರಿದುದನ್ನೂ ಕಳೆದರೂ ಮುಕ್ಕಾಲು ಪಾಲು ಕೈಗೆ ಸಿಕ್ಕುತ್ತದೆ. ನಗರದ ಜಲಮಂಡಲಿಯ ಕಾಯಿದೆಗೆ 2009ರಲ್ಲಿ ಆದ ತಿದ್ದುಪಡಿಯಿಂದ ಮೂವತ್ತು ನಲವತ್ತರ ನಿವೇಶನದಲ್ಲಿ ಹೊಸ ಮನೆ ಕಟ್ಟುವವರಿಗೂ ಮಳೆಕೊಯ್ಲು ಕಡ್ಡಾಯವಾಗಿದೆ. ಆದರೆ ಈ ನೀರನ್ನು ಬತ್ತಿದ ಕೊಳವೆಗೆ ನೇರವಾಗಿ ಬಿಡದೆ ಇಂಗುಬಾವಿಗೆ ಬಿಡುವುದು ಉತ್ತಮ. ಮೂರಡಿ ಅಗಲ, ಇಪ್ಪತ್ತು ಮೂವತ್ತು ಅಡಿ ಆಳಕ್ಕೆ ತೋಡಿ, ಸಿಮೆಂಟಿನ ಬಳೆಗಳನ್ನಿಳಿಸಿ, ತಳವನ್ನು ಮಣ್ಣಾಗಿಯೇ ಬಿಟ್ಟರೆ ನೀರು ಮಣ್ಣಿನ ಮೂಲಕ ಶೋಧನೆಗೊಂಡು ಇಳಿಯುತ್ತದೆ. ವಂಶಪಾರಂಪರ್ಯವಾಗಿ ಬಾವಿ ತೋಡುವ ಮಣ್ಣುವಡ್ಡರು ಬೆಂಗಳೂರಿನ ಸುತ್ತ ಇನ್ನೂ ಇದ್ದಾರೆ. ಕಬ್ಬನ್ ಉದ್ಯಾನದ ಹಳೆಯ ಬಾವಿಗಳಲ್ಲಿ ಮತ್ತೆ ನೀರು ಕಾಣುವಂತೆ ಹೂಳೆತ್ತಿದವರು ಇವರೇ. ಇವರ ಕೈಗೆ ಕೆಲಸವನ್ನೂ ನೆಲಕ್ಕೆ ನೀರನ್ನೂ ಒಂದೇ ಖರ್ಚಿನಲ್ಲಿ ಕೊಡಬಹುದು. ಮೊದಲ ಮಳೆಯ ನೀರನ್ನು ಮಾತ್ರ ಹೊರಗೆ ಬಿಟ್ಟುಬಿಡಬೇಕು. ಮಾಳಿಗೆಯ ಧೂಳು, ಹಕ್ಕಿಯ ಹಿಕ್ಕೆಗಳೆಲ್ಲ ಅದರಲ್ಲಿರುತ್ತವೆ. ಬಚ್ಚಲಿನ, ಶೌಚದ, ಕಾರು ತೊಳೆದ ನೀರು ಯಾವ ಕಾರಣದಿಂದಲೂ ಅದರೊಳಗೆ ಸೇರಬಾರದು.

ಮೂರನೆಯದು ಶೌಚದ ಗುಂಡಿ. ಒಳಚರಂಡಿಯ ಸೌಕರ್ಯವಿರುವಲ್ಲಿ ಅದಕ್ಕೇ ಜೋಡಿಸಿಕೊಳ್ಳತಕ್ಕದ್ದು. ಇಲ್ಲದೆಡೆ ಇಂಗುವ ಗುಂಡಿಯು ಕುಡಿಯುವ ನೀರಿನ ಬಾವಿಗೆ ಅರುವತ್ತು ಅಡಿಗಳಾದರೂ ದೂರವಿರಬೇಕೆಂಬುದು ಮಾನಕ. ಬಂಡೆಯ ಬಿರುಕಿನ ನೆಲದಲ್ಲಿ ಆ ದೂರವೂ ಪೂರ್ಣ ಭರವಸೆಯಲ್ಲವಾದುದರಿಂದ ನೆರೆಯವರ ಬಾವಿ ಎಲ್ಲಿದೆಯೆಂಬುದನ್ನು ವಿಚಾರಿಸಿಯೇ ಗುಂಡಿಯನ್ನು ತೋಡಬೇಕು. ನಾಲ್ಕನೆಯದು ಉಪ್ಪು. ಮನೆಯ ನೀರೆಲ್ಲವನ್ನೂ ಮೆದುಮಾಡುವ ಅಗತ್ಯವಿಲ್ಲ. ಶೌಚಕ್ಕೂ ಗಿಡಕ್ಕೂ ಗಡುಸು ನೀರೇ ಸಾಕು. ಮಳೆಯ ನೀರನ್ನು ತೊಟ್ಟಿಯಲ್ಲಿ ಹಿಡಿದು ಬಟ್ಟೆ ಒಗೆಯುವವರಿಗೆ ಯಂತ್ರವೂ ಬೇಡ, ಉಪ್ಪೂ ಬೇಡ. ಆಕಾಶದಿಂದ ಬಿದ್ದುದಕ್ಕಿಂತ ಮೆದುವಾದ ನೀರಿಲ್ಲ. ಐದನೆಯದು ಪರೀಕ್ಷೆ. ಬಾವಿಯ ನೀರನ್ನು ವರ್ಷಕ್ಕೆರಡು ಸಲ, ಮಳೆಗಾಲದ ಕೊನೆಗೊಮ್ಮೆ ನಡುಬೇಸಗೆಯಲ್ಲೊಮ್ಮೆ, ಪರೀಕ್ಷಾಲಯಕ್ಕೆ ಕೊಟ್ಟು ನೈಟ್ರೇಟು, ಫ್ಲೋರೈಡು, ಅಣುಜೀವಿಗಳನ್ನು ನೋಡಿಸಬೇಕು. ಕಾರ್ಖಾನೆಗಳ ನೆರೆಯವರು ಕ್ರೋಮಿಯಮ್ಮನ್ನೂ ಕೇಳಬೇಕು. ಬಂದ ಕಾಗದವನ್ನು ಮನೆಯ ಜಾತಕಗಳ ಜೊತೆಯಲ್ಲಿಯೇ ಇಟ್ಟುಕೊಳ್ಳಿರಿ. ಹಿಂದಿನ ಕಾಗದವಿದ್ದರೆ ನೀರು ಯಾವಾಗ ಕೆಟ್ಟಿತೆಂಬುದು ತಿಳಿಯುತ್ತದೆ. ನೆಲದೊಳಗಿನ ವ್ಯಾಜ್ಯಕ್ಕೆ ಸಿಕ್ಕಬಹುದಾದ ಸಾಕ್ಷಿಯೆಂದರೆ ಅದೊಂದೇ.

ವರಾಹಮಿಹಿರನು ಕೆಟ್ಟ ಬಾವಿಯ ನೀರನ್ನು ತಿಳಿಗೊಳಿಸುವುದಕ್ಕೆ ಕೊನ್ನಾರಿಗಡ್ಡೆ, ಲಾವಂಚ, ನೆಲ್ಲಿ, ಕತಕಬೀಜ ಮೊದಲಾದುವುಗಳ ಚೂರ್ಣವೊಂದನ್ನು ಹೇಳಿದ್ದಾನೆ. ಅವನ ಕಾಲದ ಬಾವಿಯಲ್ಲಿದ್ದುದು ಕೆಸರು, ಒಗರು, ದುರ್ವಾಸನೆ. ಅದಕ್ಕೆ ಆ ಚೂರ್ಣವು ಸಾಕಾಗಿದ್ದೀತು. ಸಾವಿರ ಅಡಿಯ ಬಿರುಕಿನೊಳಗೆ ಹೊಕ್ಕ ನೈಟ್ರೇಟಿಗೂ ಕ್ರೋಮಿಯಮ್ಮಿಗೂ ಯಾವ ಬೀಜವೂ ಇಲ್ಲ. ಆದುದರಿಂದ ನಮ್ಮ ಪ್ರಶ್ನಕರ್ತರಿಗೆ ನಾವು ಹೇಳುವುದೇನೆಂದರೆ, ಪೈಪು ಜೋಡಿಸುವವನಿಗೆ ಕೊಡಬೇಕೆಂದಿದ್ದ ಹಣವನ್ನು ಬೆಸುಗೆಯವನಿಗೆ ಕೊಡಿರಿ. ಮುಚ್ಚಳವು ಬಿದ್ದ ಮೇಲೆ ಅಕ್ಕಪಕ್ಕದ ಮನೆಯವರನ್ನು ಕರೆದು ತೋರಿಸಿ, ಅವರ ಹಿತ್ತಲಿನಲ್ಲಿಯೂ ಇಂತಹದೊಂದಿದೆಯೇ ಎಂದು ವಿಚಾರಿಸಿರಿ. ಇಂಗುಬಾವಿಯ ಅಳತೆ, ಬಳೆಗಳ ಸಂಖ್ಯೆ, ತಗಲುವ ಖರ್ಚುಗಳ ವಿಷಯವಾಗಿ ಬೇರೆ ವಾಚಕರೂ ಬರೆದು ಕೇಳಿದರೆ ಮುಂದಿನ ಸಂಚಿಕೆಯಲ್ಲಿ ಅದನ್ನೇ ವಿವರಿಸುವೆವು.